ನಮಗೆ ಎರಡನೇ ಸಿನಿಮಾ ಕೊಡಿ: ನಿರ್ಮಾಪಕರಿಗೆ, ನಿರ್ದೇಶಕರಿಗೆ ಒಬ್ಬ ಛಾಯಾಗ್ರಾಹಕಿಯ ಬಹಿರಂಗ ಪತ್ರ

ಪ್ರೀತಿಯ ನಿರ್ಮಾಪಕರೇ, ನಿರ್ದೇಶಕರೇ,

ನಿಮ್ಮಲ್ಲಿ ಕೆಲವರಿಗೆ ನನ್ನ ಪರಿಚಯ ಇದೆ. ನನ್ನ ಮೊದಲ ಸಿನಿಮಾ ನೋಡಿ ಫೋನ್ ಮಾಡಿ ಬೆನ್ನು ತಟ್ಟಿದ್ದೀರಿ. ಒಂದಿಬ್ಬರು ವೇದಿಕೆಯ ಮೇಲೂ ನನ್ನ ಹೆಸರು ಹೇಳಿದ್ದೀರಿ. ಅದನ್ನು ನಾನು ಮರೆತಿಲ್ಲ. ಅದಾದ ಮೇಲೆ ಹತ್ತೊಂಬತ್ತು ತಿಂಗಳು ನನಗೆ ಒಂದೂ ಸಿನಿಮಾ ಸಿಗಲಿಲ್ಲ. ಆ ಹತ್ತೊಂಬತ್ತು ತಿಂಗಳ ಬಗ್ಗೆ ನಿಮ್ಮ ಜೊತೆ ಮಾತಾಡಬೇಕು ಅಂತ ಈ ಪತ್ರ ಬರೆಯುತ್ತಿದ್ದೇನೆ.

ಕ್ಯಾಮೆರಾ ವಿಭಾಗದಲ್ಲಿ ನಾನು ಎಲ್ಲಾ ಮೆಟ್ಟಿಲೂ ಹತ್ತಿ ಬಂದವಳು. ಕ್ಲ್ಯಾಪ್ ಹಿಡಿದಿದ್ದೇನೆ. ಲೆನ್ಸ್ ಒರೆಸಿದ್ದೇನೆ, ಬ್ಯಾಟರಿ ಚಾರ್ಜಿಗೆ ಹಾಕಿದ್ದೇನೆ, ರಾತ್ರಿ ಎಲ್ಲರೂ ಮಲಗಿದ ಮೇಲೆ ಕೂತು ಕ್ಯಾಮೆರಾ ರಿಪೋರ್ಟ್ ಬರೆದಿದ್ದೇನೆ. ಆಮೇಲೆ ನಾಲ್ಕು ವರ್ಷ ಫೋಕಸ್ ಪುಲ್ಲರ್ ಆಗಿದ್ದೆ. ಅದು ಎಂಥ ಕೆಲಸ ಅಂತ ನಿಮಗೆ ಹೇಳಬೇಕಿಲ್ಲ. ಆದರೆ ಈ ಪತ್ರವನ್ನು ಸಿನಿಮಾದ ಹೊರಗಿನವರೂ ಓದುತ್ತಾರೆ, ಅವರಿಗಾಗಿ ಹೇಳುತ್ತೇನೆ. ನಟರು ಅಲುಗಿದಂತೆಲ್ಲ ಲೆನ್ಸಿನ ಫೋಕಸ್ ತಿರುಗಿಸಿ ಅವರನ್ನು ಸ್ಪಷ್ಟವಾಗಿ ಉಳಿಸುವವರು ಫೋಕಸ್ ಪುಲ್ಲರ್.

85 ಎಂಎಂ ಲೆನ್ಸ್ ಹಾಕಿದ್ದೇವೆ ಅಂದುಕೊಳ್ಳಿ. ಅಪರ್ಚರ್, ಅಂದರೆ ಲೆನ್ಸಿನೊಳಗೆ ಬೆಳಕು ಬಿಡುವ ಕಿಂಡಿ, 2ಕ್ಕೆ ದೊಡ್ಡದಾಗಿ ತೆರೆದಿದೆ. ನಟಿ ಆರು ಅಡಿ ದೂರದಲ್ಲಿದ್ದಾರೆ. ಆಗ ಫೋಕಸ್ಸಿನಲ್ಲಿ ಉಳಿಯುವ ಜಾಗ ಎರಡು ಇಂಚೂ ಇರುವುದಿಲ್ಲ. ಕಣ್ಣು ಸ್ಪಷ್ಟವಾಗಿ ಕಂಡರೆ ಕಿವಿ ಮಸುಕು. ಈಗ ಅವರು ಹನ್ನೆರಡು ಅಡಿಯಿಂದ ನಡೆದು ಬಂದು ನಾಲ್ಕು ಅಡಿಯಲ್ಲಿ ನಿಲ್ಲಬೇಕು. ಅದೂ ಅಳುತ್ತಾ. ನೆಲದ ಮೇಲೆ ನಾವು ಟೇಪ್ ಅಂಟಿಸಿ ಗುರುತು ಮಾಡಿರುತ್ತೇವೆ. ಆದರೆ ಅಳುವ ಮನುಷ್ಯರು ಗುರುತು ನೋಡಿಕೊಂಡು ನಿಲ್ಲುತ್ತಾರಾ? ಒಂದು ಟೇಕಿನಲ್ಲಿ ಅರ್ಧ ಹೆಜ್ಜೆ ಮುಂದೆ ಬರುತ್ತಾರೆ, ಇನ್ನೊಂದರಲ್ಲಿ ಕುತ್ತಿಗೆ ಹಿಂದಕ್ಕೆ ಎಳೆಯುತ್ತಾರೆ. ಅವರ ಜೊತೆ ಜೊತೆಗೇ ನನ್ನ ಬೆರಳು ತಿರುಗಬೇಕು. ತಪ್ಪಿದರೆ ಆ ನಟನೆ ಹೋಯಿತು, ಮತ್ತೆ ಬರುವುದಿಲ್ಲ. ಸರಿಯಾದರೆ ಯಾರಿಗೂ ಗೊತ್ತೇ ಆಗುವುದಿಲ್ಲ. ನಾಲ್ಕು ವರ್ಷ ಈ ಕೆಲಸ ಮಾಡಿದವರಿಗೆ ಮನುಷ್ಯರ ದೇಹ ಯಾವಾಗ ಅಲುಗುತ್ತದೆ ಅನ್ನುವುದು ಅವರು ಅಲುಗುವ ಮುಂಚೆಯೇ ಗೊತ್ತಾಗುತ್ತದೆ. ಕ್ಯಾಮೆರಾ ಎಲ್ಲಿಡಬೇಕು ಅನ್ನುವುದನ್ನೂ ನಾನು ಅಲ್ಲಿಂದಲೇ ಕಲಿತದ್ದು.

ನನ್ನ ಮೊದಲ ಸಿನಿಮಾ 22 ದಿನದ ಶೂಟಿಂಗ್. ಚಿಕ್ಕ ಬಜೆಟ್, ಚಿಕ್ಕ ಯೂನಿಟ್. ಮೊದಲ ದಿನದ ಮೊದಲ ಶಾಟ್ ಕಿಟಕಿ ಪಕ್ಕ ಕೂತ ಒಬ್ಬ ವಯಸ್ಸಾದ ಹೆಂಗಸಿನದು. ಹೊರಗಿನಿಂದ ಬರುವ ಬೆಳಕು ಅವರ ಕೆನ್ನೆ ಮೇಲೆ ಗಟ್ಟಿಯಾಗಿ ಬೀಳುತ್ತಿತ್ತು. ನಾನು ಲೈಟ್‌ಮನ್ ಹತ್ತಿರ ಹೋಗಿ, ಬೆಳಕು ಮೆತ್ತಗಾಗಲು ಇನ್ನೊಂದು ಪದರ ಬಟರ್ ಪೇಪರ್ ಹಾಕಿ ಅಂದೆ. ಅವರು ತಲೆ ಆಡಿಸಿ, ನನ್ನ ಹಿಂದೆ ನಿಂತಿದ್ದ ನನ್ನ ಸಹಾಯಕ, ಅಂದರೆ ಅಸೋಸಿಯೇಟ್ ಕಡೆ ತಿರುಗಿ, "ಹಾಕ್ಲಾ ಸಾರ್?" ಅಂದರು. ಆ ಹುಡುಗ ನನಗಿಂತ ಆರು ವರ್ಷ ಚಿಕ್ಕವನು. ಪಾಪ, ಅವನಿಗೇ ಮುಜುಗರವಾಯಿತು. "ಮೇಡಂ ಹೇಳಿದ್ರಲ್ಲ ಅಣ್ಣಾ" ಅಂದ.

ಎರಡನೇ ದಿನವೂ ಹೀಗೇ ಆಯಿತು. ಮೂರನೇ ದಿನ ಬೆಳಿಗ್ಗೆ ಅವರು ಸೀದಾ ನನ್ನ ಹತ್ತಿರ ಬಂದು, "ಮೇಡಂ, ಈ ಕಡೆಯಿಂದ ಒಂದು ಥರ್ಮಾಕೋಲ್ ಹಿಡಿದ್ರೆ ಕಣ್ಣಿಗೆ ಜೀವ ಬರುತ್ತೆ ಅನ್ಸುತ್ತೆ" ಅಂದರು. ಬೆಳಕು ಅದಕ್ಕೆ ತಾಗಿ ಮುಖಕ್ಕೆ ತಿರುಗುವಂತೆ ಹಿಡಿಸಿದೆವು. ಬಂತು. ಹತ್ತನೇ ದಿನದ ಹೊತ್ತಿಗೆ ನಾನು ಬಾಯಿ ಬಿಡುವ ಮುಂಚೆಯೇ ಅವರು ಸ್ಟ್ಯಾಂಡ್ ಎತ್ತಿಕೊಂಡು ಸರಿಯಾದ ಜಾಗದಲ್ಲಿ ನಿಂತಿರುತ್ತಿದ್ದರು. ಅವರ ಮೇಲೆ ನನಗೆ ಆಗಲೂ ಸಿಟ್ಟು ಬರಲಿಲ್ಲ, ಈಗಲೂ ಇಲ್ಲ. ಎಷ್ಟೋ ವರ್ಷದಿಂದ ಲೈಟ್ ಹೊತ್ತ ಕೈ ಅದು. ಎದುರಿಗಿದ್ದವರಿಗೆ ಕೆಲಸ ಬರುತ್ತದೋ ಇಲ್ಲವೋ ಅಂತ ತಿಳಿಯಲು ಅವರಿಗೆ ಮೂರು ದಿನ ಬೇಕಾಯಿತು, ಅಷ್ಟೇ. ನಿಮ್ಮಿಂದಲೂ ನಾನು ಕೇಳುತ್ತಿರುವುದು ಅದೇ ಮೂರು ದಿನ.

ಸಿನಿಮಾ ಬಂತು. ಛಾಯಾಗ್ರಹಣ ಚೆನ್ನಾಗಿದೆ ಅಂತ ಬರೆದರು. ಫೋನುಗಳು ಬಂದವು. ಆಮೇಲೆ ನಿಂತವು. ಆ ಹತ್ತೊಂಬತ್ತು ತಿಂಗಳಲ್ಲಿ ನನ್ನ ಅಸೋಸಿಯೇಟ್ ಆಗಿದ್ದ ಅದೇ ಹುಡುಗ ಸ್ವತಂತ್ರವಾಗಿ ಎರಡು ಸಿನಿಮಾ ಮುಗಿಸಿದ. ಅವನು ಒಳ್ಳೆಯ ಕೆಲಸಗಾರ. ಅವನಿಗೆ ಸಿಕ್ಕಿದ್ದು ನನಗೆ ನಿಜವಾಗಿಯೂ ಸಂತೋಷ. ಅವನಿಗೆ ಕೆಲಸ ಸಿಕ್ಕಿದ್ದು ನನ್ನ ಸಿನಿಮಾದ ಶಾಟ್‌ಗಳನ್ನು ತೋರಿಸಿಯೇ. ಅವೇ ಶಾಟ್‌ಗಳನ್ನು ನಾನೂ ತೋರಿಸುತ್ತಿದ್ದೆ.

ಒಂದು ದೊಡ್ಡ ಸಿನಿಮಾ ಹೆಚ್ಚುಕಡಿಮೆ ಕೈಗೆ ಬಂದಿತ್ತು. ಸ್ಕ್ರಿಪ್ಟ್ ಓದಿ, ಲೊಕೇಶನ್ ನೋಡಿ, ಯಾವ ಲೆನ್ಸ್ ಬೇಕು ಅಂತ ಪಟ್ಟಿ ಕೂಡ ಮಾಡಿಟ್ಟಿದ್ದೆ. ಕೊನೆಗೆ ನಿರ್ಮಾಪಕರು ಫೋನ್ ಮಾಡಿದರು. "ಮೇಡಂ, ನಿಮ್ಮ ಕೆಲಸದ ಬಗ್ಗೆ ಎರಡು ಮಾತಿಲ್ಲ. ಆದ್ರೆ ಇದ್ರಲ್ಲಿ ರಾತ್ರಿ ಶೂಟಿಂಗ್ ಜಾಸ್ತಿ, ಫೈಟ್ ಇದೆ, ದೊಡ್ಡ ಯೂನಿಟ್ಟು. ನಿಮಗ್ಯಾಕೆ ಸುಮ್ನೆ ತೊಂದ್ರೆ ಅಂತ." ಬಹಳ ಮರ್ಯಾದೆಯಿಂದಲೇ ಹೇಳಿದರು. ಫೋನ್ ಇಟ್ಟ ಮೇಲೆ ಆ ಲೆನ್ಸ್ ಪಟ್ಟಿಯನ್ನು ಏನು ಮಾಡಬೇಕು ಅಂತ ತಿಳಿಯದೆ ಬಹಳ ಹೊತ್ತು ಕೂತಿದ್ದೆ. ಕೈಗೆ ಬಂದ ತುತ್ತು ಬಾಯಿಗೆ ಬರಲಿಲ್ಲ. ನಾನು ತೊಂದರೆ ಅಂತ ಹೇಳಿರಲಿಲ್ಲ. ಅವರು ನನ್ನ ಪರವಾಗಿ ಅಂದುಕೊಂಡುಬಿಟ್ಟಿದ್ದರು.

ಕ್ಯಾಮೆರಾ ಭಾರ ಅನ್ನುವ ಮಾತು ಇನ್ನೂ ಕೇಳಿಬರುತ್ತದೆ. ಸ್ಟುಡಿಯೋ ಕಾಲದ ದೊಡ್ಡ ಕ್ಯಾಮೆರಾಗಳನ್ನು ಯಾವ ಗಂಡಸೂ ಒಬ್ಬನೇ ಎತ್ತಿ ಓಡಾಡುತ್ತಿರಲಿಲ್ಲ, ನಾಲ್ಕು ಜನ ಸೇರಿ ಇಡುತ್ತಿದ್ದರು. ಇವತ್ತು ನೀವೇ ಬಾಡಿಗೆಗೆ ತರಿಸುವ ಅಲೆಕ್ಸಾ ಮಿನಿ ಕ್ಯಾಮೆರಾದ ಬಾಡಿಯ ತೂಕ 2.3 ಕಿಲೋ. ಲೆನ್ಸ್, ಬ್ಯಾಟರಿ, ಮ್ಯಾಟ್ ಬಾಕ್ಸ್, ಮಾನಿಟರ್ ಎಲ್ಲ ಸೇರಿದಾಗ ಜಾಸ್ತಿ ಆಗುತ್ತದೆ, ನಿಜ. ಆ ತೂಕವನ್ನು ನಾನು ಹೆಗಲ ಮೇಲಿಟ್ಟು ಇಡೀ ದಿನ ಶೂಟ್ ಮಾಡಿದ್ದೇನೆ. ಆದರೆ ಛಾಯಾಗ್ರಾಹಕರ ಕೆಲಸದಲ್ಲಿ ಹೊರುವುದು ಒಂದು ಚಿಕ್ಕ ಪಾಲು. ಬೆಳಕು ಎಲ್ಲಿಂದ ಬರಬೇಕು, ಎಷ್ಟು ಬರಬೇಕು, ಎಲ್ಲಿ ಕತ್ತಲೆ ಬಿಡಬೇಕು, ಮಧ್ಯಾಹ್ನ ತೆಗೆದ ಶಾಟಿಗೂ ಸಂಜೆ ತೆಗೆದ ಶಾಟಿಗೂ ಹೇಗೆ ಹೊಂದಿಸಬೇಕು, ನಟರ ಮುಖದಲ್ಲಿ ಏನು ನಡೆಯುತ್ತಿದೆ ಅನ್ನುವುದನ್ನು ಎಷ್ಟು ಹತ್ತಿರದಿಂದ ನೋಡಬೇಕು, ಇದಕ್ಕೆ ತಲೆ ಬೇಕು, ಕಣ್ಣು ಬೇಕು, ತಾಳ್ಮೆ ಬೇಕು.

ಈ ಕೆಲಸದ ಚರಿತ್ರೆಯಲ್ಲಿ ಹೆಣ್ಣುಮಕ್ಕಳ ಹೆಸರು ಹುಡುಕಿದರೆ "ಮೊದಲ ಮಹಿಳೆ" ಅನ್ನುವ ಮಾತು ಮತ್ತೆ ಮತ್ತೆ ಸಿಗುತ್ತದೆ. ಅಮೆರಿಕದ ಛಾಯಾಗ್ರಾಹಕರ ಸಂಘ ಎಎಸ್‌ಸಿ ಶುರುವಾಗಿದ್ದು 1919ರಲ್ಲಿ. ಅದರಲ್ಲಿ ಮೊದಲ ಹೆಣ್ಣು ಸದಸ್ಯೆ ಬ್ರಿಯಾನ್ ಮರ್ಫಿ ಸೇರಿದ್ದು 1980ರಲ್ಲಿ. 61 ವರ್ಷ ಬೇಕಾಯಿತು. ಆಸ್ಕರ್‌ನಲ್ಲಿ ಛಾಯಾಗ್ರಹಣಕ್ಕೆ 1929ರ ಮೊದಲ ಸಮಾರಂಭದಿಂದಲೇ ಪ್ರಶಸ್ತಿ ಇದೆ. ಒಬ್ಬ ಮಹಿಳೆಯ ಹೆಸರು ಅದರ ನಾಮನಿರ್ದೇಶನದ ಪಟ್ಟಿಗೆ ಮೊದಲ ಸಲ ಬಂದದ್ದು 2018ರಲ್ಲಿ, 90ನೇ ಸಮಾರಂಭಕ್ಕೆ. ಅವರು 'ಮಡ್‌ಬೌಂಡ್' ಚಿತ್ರದ ರೇಚಲ್ ಮಾರಿಸನ್. ಎರಡನೆಯವರು 2022ರಲ್ಲಿ ಆರಿ ವೆಗ್ನರ್, ಮೂರನೆಯವರು 2023ರಲ್ಲಿ ಮ್ಯಾಂಡಿ ವಾಕರ್. ನಮ್ಮ ದೇಶದಲ್ಲಿ ಉತ್ತಮ ಛಾಯಾಗ್ರಹಣದ ರಾಷ್ಟ್ರ ಪ್ರಶಸ್ತಿ ಒಬ್ಬ ಮಹಿಳೆಗೆ ಮೊದಲ ಸಲ ಬಂದದ್ದು ಅಂಜುಲಿ ಶುಕ್ಲಾ ಅವರಿಗೆ, 2009ರ ಮಲಯಾಳಂ ಚಿತ್ರ 'ಕುಟ್ಟಿ ಸ್ರಾಂಕ್'ಗೆ.

ಬಿ.ಆರ್. ವಿಜಯಲಕ್ಷ್ಮಿ ಅವರ ಹೆಸರು ನಿಮಗೆಲ್ಲ ಗೊತ್ತು. 'ಕಿತ್ತೂರು ಚೆನ್ನಮ್ಮ' ಮಾಡಿದ ಬಿ.ಆರ್. ಪಂತುಲು ಅವರ ಮಗಳು. ಅಶೋಕ್ ಕುಮಾರ್ ಅವರ ಕೈಕೆಳಗೆ ಪಳಗಿ, 1985ರಲ್ಲಿ ಭಾಗ್ಯರಾಜ್ ಅವರ ತಮಿಳು ಚಿತ್ರ 'ಚಿನ್ನ ವೀಡು' ಮೂಲಕ ಸ್ವತಂತ್ರ ಛಾಯಾಗ್ರಾಹಕಿಯಾದರು. ಅವರ ಬಗ್ಗೆ ಮಾತು ಬಂದಾಗಲೆಲ್ಲ ಏಷ್ಯಾದ ಮೊದಲ ಛಾಯಾಗ್ರಾಹಕಿ ಅಂತ ಹೇಳುತ್ತಾರೆ. ಅಲ್ಲಿಗೇ ನಿಲ್ಲಿಸುತ್ತಾರೆ. ಅವರು ಇಪ್ಪತ್ತಕ್ಕೂ ಹೆಚ್ಚು ಸಿನಿಮಾ ಶೂಟ್ ಮಾಡಿದ್ದಾರೆ, ಆಮೇಲೆ ನಿರ್ದೇಶನವನ್ನೂ ಮಾಡಿದ್ದಾರೆ. ನನಗೆ ದೊಡ್ಡದಾಗಿ ಕಾಣುವುದು ಆ ಇಪ್ಪತ್ತು. ಯಾಕೆಂದರೆ ಅದರ ಹಿಂದೆ, ಒಂದು ಸಿನಿಮಾ ನೋಡಿ ಇನ್ನೊಂದಕ್ಕೆ ಕರೆದ ಜನ ಇದ್ದರು. ಮೊದಲಿಗಳಾದದ್ದಕ್ಕೆ ಹಾರ ಹಾಕುವುದು ಸುಲಭ. ಎಂಟನೇ ಸಿನಿಮಾಕ್ಕೆ ಕರೆಯುವುದು ನಂಬಿಕೆ.

ಇನ್ನೊಂದು ವಿಷಯ ಗಮನಿಸಿದ್ದೇನೆ. ಬ್ರಿಯಾನ್ ಮರ್ಫಿ ಅವರಿಗೆ ದೊಡ್ಡ ಸ್ಟುಡಿಯೋ ಚಿತ್ರ 'ಫ್ಯಾಟ್ಸೋ' ಕೊಟ್ಟ ನಿರ್ದೇಶಕಿ ಆ್ಯನ್ ಬ್ಯಾಂಕ್ರಾಫ್ಟ್. 2002ರ 'ಮಿತ್ರ್, ಮೈ ಫ್ರೆಂಡ್' ಚಿತ್ರಕ್ಕೆ ಫೌಜಿಯಾ ಫಾತಿಮಾ ಅವರನ್ನು ಛಾಯಾಗ್ರಾಹಕಿಯಾಗಿ ಕರೆದವರು ರೇವತಿ. ಮಾರಿಸನ್ ಅವರನ್ನು ಕರೆದವರು ಡೀ ರೀಸ್, ವೆಗ್ನರ್ ಅವರನ್ನು ಕರೆದವರು ಜೇನ್ ಕ್ಯಾಂಪಿಯನ್. ಎಲ್ಲರೂ ಹೆಣ್ಣುಮಕ್ಕಳು. ನಿರ್ದೇಶಕಿಯರೇ ಕಡಿಮೆ ಇರುವ ಕಡೆ ಈ ಭಾರವನ್ನೂ ಅವರ ತಲೆಗೇ ಕಟ್ಟಿದರೆ ಎಷ್ಟು ದೂರ ಹೋದೀತು? ಹಾಗಂತ ಗಂಡಸರು ಯಾರೂ ಕರೆದಿಲ್ಲ ಅಂತಲ್ಲ. ಭಾಗ್ಯರಾಜ್ ಕರೆದರು. 'ಕುಟ್ಟಿ ಸ್ರಾಂಕ್' ನಿರ್ದೇಶಕ ಶಾಜಿ ಎನ್. ಕರುಣ್ ಸ್ವತಃ ದೊಡ್ಡ ಛಾಯಾಗ್ರಾಹಕರಾಗಿದ್ದರು. ಬೆಳಕಿನ ಕೆಲಸ ಬಲ್ಲ ಒಬ್ಬ ಮನುಷ್ಯ ತನ್ನ ಸಿನಿಮಾದ ಕ್ಯಾಮೆರಾವನ್ನು ಒಬ್ಬ ಹೊಸ ಹುಡುಗಿಯ ಕೈಗೆ ಕೊಟ್ಟರು ಅನ್ನುವುದನ್ನು ನೆನೆದಾಗಲೆಲ್ಲ ನನಗೆ ಧೈರ್ಯ ಬರುತ್ತದೆ.

ಎಲ್ಲಕ್ಕಿಂತ ಜಾಸ್ತಿ ನಾನು ನೆನೆಯುವುದು ಅಮೆರಿಕದ ನಿರ್ದೇಶಕ ರಯಾನ್ ಕೂಗ್ಲರ್ ಅವರನ್ನು. 2013ರಲ್ಲಿ ಅವರ ಮೊದಲ ಚಿತ್ರ 'ಫ್ರೂಟ್‌ವೇಲ್ ಸ್ಟೇಷನ್' ಬಂತು. ಚಿಕ್ಕ ಸಿನಿಮಾ, ಕ್ಯಾಮೆರಾ ರೇಚಲ್ ಮಾರಿಸನ್ ಅವರದು. ಐದು ವರ್ಷದ ನಂತರ 'ಬ್ಲ್ಯಾಕ್ ಪ್ಯಾಂಥರ್' ಎಂಬ ಬಹಳ ದೊಡ್ಡ ಸಿನಿಮಾ ಮಾಡಿದಾಗ ಅವರು ಮತ್ತೆ ಅದೇ ಮಾರಿಸನ್ ಅವರನ್ನು ಕರೆದರು. ನಡುವೆ 2015ರಲ್ಲಿ 'ಕ್ರೀಡ್' ಮಾಡಿದರು. ಅದು ಬಾಕ್ಸಿಂಗ್ ಸಿನಿಮಾ. ಅದರಲ್ಲಿ ಒಂದು ಇಡೀ ಬಾಕ್ಸಿಂಗ್ ಪಂದ್ಯವನ್ನು ಒಂದೇ ಶಾಟಿನಲ್ಲಿ ತೋರಿಸಿದ್ದಾರೆ. ಕ್ಯಾಮೆರಾ ರಿಂಗ್ ಒಳಗೆ ಇಬ್ಬರ ನಡುವೆಯೇ ಓಡಾಡುತ್ತದೆ. ಅದರ ಛಾಯಾಗ್ರಾಹಕಿ ಮರೀಸ್ ಅಲ್ಬೆರ್ಟಿ. ಮುಂದೆ 2022ರ 'ವಕಾಂಡ ಫಾರೆವರ್' ಚಿತ್ರಕ್ಕೆ ಆಟಮ್ ಡುರಾಲ್ಡ್ ಆರ್ಕಪಾ. 2025ರ 'ಸಿನ್ನರ್ಸ್'ಗೂ ಅವರೇ, ಅದೂ ಐಮ್ಯಾಕ್ಸ್‌ನ ದೊಡ್ಡ ಫಿಲಂ ಕ್ಯಾಮೆರಾದಲ್ಲಿ. ಐದು ಸಿನಿಮಾ, ಐದಕ್ಕೂ ಹೆಣ್ಣುಮಕ್ಕಳ ಕ್ಯಾಮೆರಾ. ಫೈಟ್ ಇದೆ, ರಾತ್ರಿ ಇದೆ, ದೊಡ್ಡ ಯೂನಿಟ್ ಇದೆ. ಮಾರಿಸನ್‌ಗೂ ಆರ್ಕಪಾಗೂ ಅವರು ಎರಡನೇ ಸಿನಿಮಾ ಕೊಟ್ಟರು. ನಾನು ಕೇಳುತ್ತಿರುವುದಕ್ಕೆ ಇದಕ್ಕಿಂತ ಒಳ್ಳೆಯ ಉದಾಹರಣೆ ನನ್ನ ಹತ್ತಿರ ಇಲ್ಲ.

ನಮ್ಮನ್ನು ಕರೆದರೂ ಕೆಲವೇ ಬಗೆಯ ಕಥೆಗೆ ಕರೆಯುವುದು ಇನ್ನೊಂದು ತೊಂದರೆ. ತಾಯಿ ಮಗಳ ಕಥೆ ಇದ್ದರೆ, ಹೆರಿಗೆಯ ದೃಶ್ಯ ಇದ್ದರೆ, ಒಡವೆ ಜಾಹೀರಾತು ಇದ್ದರೆ ಫೋನ್ ಬರುತ್ತದೆ. "ಹೆಣ್ಣಿನ ಕಣ್ಣಲ್ಲಿ ನೋಡ್ಬೇಕು ಮೇಡಂ" ಅನ್ನುತ್ತಾರೆ. ಅಂಥ ಕೆಲಸ ನನಗೆ ಇಷ್ಟವೇ, ಮನಸ್ಸಿಟ್ಟು ಮಾಡುತ್ತೇನೆ. ಆದರೆ ಮಳೆಯಲ್ಲಿ ರಾತ್ರಿ ಹೊತ್ತು ಓಡುವ ಲಾರಿಯನ್ನು ಹಿಂದಿನಿಂದ ಬೆಳಕು ಕೊಟ್ಟು ತೆಗೆಯಬೇಕು ಅನ್ನುವುದು ನನ್ನ ಬಹಳ ದಿನದ ಆಸೆ. ಹಿಂದಿನಿಂದ ಬೆಳಕು ಬಿದ್ದರೆ ಮಾತ್ರ ಮಳೆಯ ಒಂದೊಂದು ಹನಿಯೂ ಕಾಣುತ್ತದೆ, ಮುಂದಿನಿಂದ ಬಿದ್ದರೆ ಮಳೆಯೇ ಕಾಣುವುದಿಲ್ಲ. ಈ ವಿದ್ಯೆಗೆ ಗಂಡು ಹೆಣ್ಣು ಅಂತ ಇದೆಯಾ?

2014ರಲ್ಲಿ ಸುಪ್ರೀಂ ಕೋರ್ಟ್ ಒಂದು ತೀರ್ಪು ಕೊಟ್ಟಿತು, ನಿಮಗೆ ನೆನಪಿರಬಹುದು. ಸಿನಿಮಾದಲ್ಲಿ ಹೆಂಗಸರು ಮೇಕಪ್ ಕಲಾವಿದರಾಗುವಂತಿಲ್ಲ, ಕೂದಲು ಬಾಚುವ ಕೆಲಸ ಮಾತ್ರ ಮಾಡಬಹುದು ಅಂತ ಒಂದು ಸಂಘ ಐವತ್ತಕ್ಕೂ ಹೆಚ್ಚು ವರ್ಷ ನಿಯಮ ಇಟ್ಟುಕೊಂಡಿತ್ತು. ಚಾರು ಖುರಾನಾ ಎಂಬ ಕಲಾವಿದೆ ಕೋರ್ಟಿಗೆ ಹೋದರು, ಗೆದ್ದರು, ನಿಯಮ ಬಿದ್ದುಹೋಯಿತು. ಅವರ ಹೋರಾಟ ಸಣ್ಣದಲ್ಲ. ಆದರೆ ಅಲ್ಲಿ ಕಾಗದದ ಮೇಲೆ ಬರೆದ ನಿಯಮ ಒಂದಿತ್ತು. ನನ್ನ ಹತ್ತಿರ ಅಂಥ ಕಾಗದ ಯಾವುದೂ ಇಲ್ಲ. "ನಿಮಗ್ಯಾಕೆ ಸುಮ್ನೆ ತೊಂದ್ರೆ" ಅನ್ನುವ ಮಾತನ್ನು ಯಾವ ಕೋರ್ಟಿಗೆ ತೆಗೆದುಕೊಂಡು ಹೋಗಲಿ? ಅದಕ್ಕೇ ನಿಮಗೆ ಪತ್ರ ಬರೆಯುತ್ತಿದ್ದೇನೆ. ಆ ಮಾತನ್ನು ಬಿಡುವುದು ನಿಮ್ಮ ಕೈಯಲ್ಲೇ ಇದೆ.

ತೊಂದರೆ ಇಲ್ಲವೇ ಇಲ್ಲ ಅಂತ ನಾನು ಹೇಳುವುದಿಲ್ಲ. ಹೊರಾಂಗಣದಲ್ಲಿ ಶೂಟಿಂಗ್ ಇದ್ದಾಗ ನಟ ನಟಿಯರಿಗೆ ವ್ಯಾನ್ ಇರುತ್ತದೆ. ಕ್ಯಾಮೆರಾ ವಿಭಾಗದ ಹುಡುಗಿಗೆ ಶೌಚಾಲಯ ಎಲ್ಲಿ ಅಂತ ಯಾರೂ ಯೋಚಿಸಿರುವುದಿಲ್ಲ. ಬೆಳಿಗ್ಗೆ ಐದರಿಂದ ಸಂಜೆ ಏಳರವರೆಗೆ ನೀರು ಕುಡಿಯದೆ ಕೆಲಸ ಮಾಡಿದ ದಿನಗಳನ್ನು ನಾನು ಎಣಿಸಿಲ್ಲ. ಸೂರ್ಯ ಮುಳುಗಿದ ಮೇಲೆ ಒಳ್ಳೆಯ ಬೆಳಕು ಇರುವುದು ಸ್ವಲ್ಪವೇ ಹೊತ್ತು, ಆಗಂತೂ ಕ್ಯಾಮೆರಾ ಬಿಟ್ಟು ಒಂದು ಹೆಜ್ಜೆ ಆಚೆ ಹೋಗುವಂತಿಲ್ಲ. ಒಮ್ಮೆ ಒಂದು ಯೂನಿಟ್‌ನಲ್ಲಿ ನಾನು ಫೋಕಸ್ ಮಾಡುತ್ತಾ ಬಿಸಿಲಿಗೆ ತಲೆ ತಿರುಗಿ ಟ್ರಾಲಿ ಪಕ್ಕವೇ ಕುಸಿದೆ. ಆವತ್ತು ಸಂಜೆ ಬಂದ ಮಾತು, "ಇದಕ್ಕೇ ಹೇಳೋದು, ಹೆಂಗಸರಿಗೆ ಈ ಕೆಲಸ ಕಷ್ಟ." ನಾನು ಕುಸಿದದ್ದು ನೀರು ಕುಡಿಯದೆ. ಕುಡಿದರೆ ಹೋಗಲು ಜಾಗ ಇರಲಿಲ್ಲ. ಇದನ್ನು ಆವತ್ತು ಯಾರಿಗೂ ಹೇಳಲಿಲ್ಲ, ನಾಚಿಕೆ ಅನಿಸಿತು. ಈಗ ಹೇಳುತ್ತಿದ್ದೇನೆ. ನಿಮ್ಮ ಬಜೆಟ್‌ನಲ್ಲಿ ಜನರೇಟರಿಗೆ ಒಂದು ಸಾಲು ಇರುತ್ತದೆ, ಊಟಕ್ಕೆ ಒಂದು ಸಾಲು ಇರುತ್ತದೆ. ಅದರ ಕೆಳಗೆ ಯೂನಿಟ್‌ನ ಹೆಣ್ಣುಮಕ್ಕಳ ಶೌಚಾಲಯಕ್ಕೆ, ರಾತ್ರಿ ಪ್ಯಾಕಪ್ ಆದ ಮೇಲೆ ಅವರನ್ನು ಮನೆ ತಲುಪಿಸುವ ಗಾಡಿಗೆ ಒಂದು ಸಾಲು ಬರೆಯಿರಿ. ಒಂದು ದಿನದ ಕ್ಯಾಮೆರಾ ಬಾಡಿಗೆ ಮುಂದೆ ಅದು ದೊಡ್ಡ ಖರ್ಚೇನಲ್ಲ.

"ಹುಡುಕಿದ್ವಿ, ಯಾರೂ ಸಿಗಲಿಲ್ಲ" ಅನ್ನುವವರೂ ಇದ್ದಾರೆ. ಭಾರತದಲ್ಲಿ ಮಹಿಳಾ ಛಾಯಾಗ್ರಾಹಕರದ್ದೇ ಒಂದು ಒಕ್ಕೂಟ ಇದೆ, ಐಡಬ್ಲ್ಯೂಸಿಸಿ ಅಂತ. ಬ್ರಿಟನ್‌ನಲ್ಲಿ ಇಲ್ಯುಮಿನಾಟ್ರಿಕ್ಸ್ ಇದೆ. ಅವರೆಲ್ಲ ತಮ್ಮ ಸದಸ್ಯೆಯರ ಹೆಸರು, ಮಾಡಿದ ಕೆಲಸ ಎಲ್ಲವನ್ನೂ ಯಾರು ಬೇಕಾದರೂ ನೋಡುವಂತೆ ಇಟ್ಟಿದ್ದಾರೆ. ಒಂದು ಸಂಜೆ ಕೂತರೆ ಹತ್ತು ಜನರ ಕೆಲಸ ನೋಡಬಹುದು. ನೋಡಿ ಇಷ್ಟವಾಗದಿದ್ದರೆ ಬೇಡ ಅನ್ನಿ, ನನಗೆ ಬೇಸರವಿಲ್ಲ. ನೋಡದೆ ಬೇಡ ಅನ್ನಬೇಡಿ.

ಮದುವೆ, ಮಕ್ಕಳು ಆದರೆ ಈ ಕೆಲಸ ಹೇಗೆ ಮಾಡ್ತೀರಿ ಅಂತ ನನ್ನನ್ನು ಕೇಳುತ್ತಾರಲ್ಲ, ಆ ಪ್ರಶ್ನೆಯ ಬಗ್ಗೆ ಒಂದೇ ಮಾತು. ಅದನ್ನು ನನ್ನ ಅಸೋಸಿಯೇಟ್‌ಗೆ ಯಾರೂ ಕೇಳಿರಲಿಲ್ಲ. ಅವನಿಗೆ ಆಗ ಎರಡು ತಿಂಗಳ ಮಗು ಇತ್ತು.

ಹತ್ತೊಂಬತ್ತು ತಿಂಗಳ ನಂತರ ನನಗೆ ಸಿಕ್ಕಿದ್ದು ಒಂದು ಚಿಕ್ಕ ಚಿತ್ರ. ಮೊದಲಿನದಕ್ಕಿಂತಲೂ ಚಿಕ್ಕ ಬಜೆಟ್. ಖುಷಿಯಿಂದಲೇ ಮಾಡಿದೆ, ಮೊನ್ನೆ ಮೊನ್ನೆ ಮುಗಿಯಿತು. ಅದಕ್ಕೆ ಅಸಿಸ್ಟೆಂಟ್ ಆಗಿ ಒಬ್ಬ ಹುಡುಗಿ ಬಂದಿದ್ದಳು. ಓದು ಮುಗಿಸಿ ಸೀದಾ ಶೂಟಿಂಗಿಗೆ ಬಂದವಳು. ಮೊದಲ ದಿನ ಅಳತೆ ಟೇಪ್ ಹಿಡಿಯಲು ಕೈ ನಡುಗುತ್ತಿತ್ತು, ನಟಿಯ ಕಣ್ಣಿನ ಹತ್ತಿರ ಟೇಪ್ ಒಯ್ಯಲು ಹೆದರುತ್ತಿದ್ದಳು. ಕೊನೆಯ ವಾರದಲ್ಲಿ ಟೇಪ್ ಇಲ್ಲದೆಯೇ, "ಏಳೂವರೆ ಅಡಿ ಮೇಡಂ" ಅಂತ ಹೇಳುತ್ತಿದ್ದಳು. ಅಳೆದು ನೋಡಿದರೆ ಏಳೂವರೆಯೇ ಇರುತ್ತಿತ್ತು. ಲೈಟ್‌ಮನ್‌ಗಳು ಅವಳನ್ನು ಹೆಸರು ಹಿಡಿದು ಕರೆಯುತ್ತಿದ್ದರು, ಅವಳು ಹೇಳಿದ ಹಾಗೆ ಬೆಳಕು ತಡೆಯುವ ಕಟ್ಟರ್ ಸರಿಸುತ್ತಿದ್ದರು. ಪ್ಯಾಕಪ್ ದಿನ ಲೆನ್ಸ್‌ಗಳನ್ನು ಒಂದೊಂದಾಗಿ ಒರೆಸಿ ಪೆಟ್ಟಿಗೆಗೆ ಹಾಕುತ್ತಾ, "ನಮ್ಮ ಮುಂದಿನ ಸಿನಿಮಾ ಯಾವಾಗ ಮೇಡಂ?" ಅಂತ ಕೇಳಿದಳು.

ಬೇಗ ಹೇಳ್ತೀನಿ ಅಂದಿದ್ದೇನೆ. ಈ ತಿಂಗಳು ನಿಮ್ಮಲ್ಲಿ ಯಾರಾದರೂ ಮುಂದಿನ ಚಿತ್ರದ ತಂತ್ರಜ್ಞರ ಪಟ್ಟಿ ಬರೆಯುತ್ತಿದ್ದರೆ, ಛಾಯಾಗ್ರಹಣದ ಮುಂದೆ ಹೆಸರು ಹಾಕುವ ಮುಂಚೆ ನನ್ನ ಎರಡು ಸಿನಿಮಾ ನೋಡಿ. ನನ್ನಂಥ ಇತರರ ಸಿನಿಮಾಗಳನ್ನೂ ನೋಡಿ. ಫೈಟ್ ಇದ್ದರೂ ಫೋನ್ ಮಾಡಿ. ರಾತ್ರಿ ಶೂಟಿಂಗ್ ಇದ್ದರೂ ಮಾಡಿ. ಆ ಲೆನ್ಸ್ ಪಟ್ಟಿ ಇನ್ನೂ ನನ್ನ ಬ್ಯಾಗಿನಲ್ಲೇ ಇದೆ.

ಇಂತಿ ನಿಮ್ಮ ವಿಶ್ವಾಸಿ,
ಒಬ್ಬ ಛಾಯಾಗ್ರಾಹಕಿ